ಗಂಜಿ ಹಾಕಿದ ಗಾಳಿ

ಎಂಬತ್ತೇಳನೆಯ ಇಸವಿಯ ಮಾರ್ಚಿನಲ್ಲಿ ನಮ್ಮ ಮನೆಗೆ ಏಸಿ ಬಂತು. ಸೆಖೆ ತಡೆಯಲಾರದೆ ತಂದದ್ದಲ್ಲ, ತೋರಿಕೆಗಂತೂ ಅಲ್ಲವೇ ಅಲ್ಲ. ಆದರೆ ತಿರುಪ್ಪೂರಿನ ನಮ್ಮ ಬೀದಿಯಲ್ಲಿ ಯಾರೂ ಇದನ್ನು ನಂಬಲಿಲ್ಲ. ಚೆನ್ನಕೇಶವನ್ ಬನಿಯನ್ ಮಾರಿ ಮಾರಿ ಕಲೆಕ್ಟರ್ ಆಗಿಬಿಟ್ಟ ಎಂದು ನಲ್ಲಿಯ ಹತ್ತಿರ ಆಡಿಕೊಂಡರು. ಚೆನ್ನಕೇಶವನ್ ನನ್ನ ಗಂಡ. ನನಗೆ ಕೋಪ ಬರುವುದು ಬೇಗ, ಇಳಿಯುವುದು ತಡ. ಕೊಡವನ್ನು ಕೆಳಗಿಟ್ಟು, ಸೆರಗು ಬಿಗಿದು, ಅವರಿಗೆ ಅರ್ಥವಾಗುವ ತಮಿಳಿನಲ್ಲೇ ಹೇಳಿದೆ: ನನ್ನ ಮಗಳಿಗೆ ಉಸಿರಾಡಲು ಆಗುತ್ತಿಲ್ಲ, ಅದಕ್ಕೆ ತಂದಿದ್ದೇವೆ, ಹೊಟ್ಟೆಕಿಚ್ಚು ಪಡುವವರು ಮೊದಲು ಅವಳ ಎದೆಗೆ ಕಿವಿಯಿಟ್ಟು ಕೇಳಿ ಬನ್ನಿ. ಅಂದು ಕೊಡ ಅರ್ಧ ತುಂಬಿಸಿಕೊಂಡೇ ಬಂದೆ.

ಮಗಳ ಹೆಸರು ಸೌಡೇಶ್ವರಿ. ಮನೆಯಲ್ಲಿ ಕನ್ನಡ ಆಡುವ ನಮ್ಮ ನೇಕಾರ ದೇವಾಂಗದವರ ಕುಲದೇವತೆಯ ಹೆಸರು. ಆಗ ಅವಳಿಗೆ ಎಂಟು ವರ್ಷ. ನಾವಿದ್ದದ್ದು ಮಹಡಿಯ ಮೇಲೆ. ಕೆಳಗೆ ನಾಲ್ಕು ಬನಿಯನ್ ಹೆಣೆಯುವ ಯಂತ್ರಗಳು ಬೆಳಗಿನಿಂದ ಸಂಜೆಯವರೆಗೆ ಓಡುತ್ತಿದ್ದವು. ಅವುಗಳಿಂದ ಏಳುವ ಹತ್ತಿಯ ನಯವಾದ ದೂಳು ಮೆಟ್ಟಿಲು ಹತ್ತಿ ಬಂದು ಸಾರಿನ ಪಾತ್ರೆಯ ಮೇಲೂ ಕೂರುತ್ತಿತ್ತು. ನಮಗೆಲ್ಲ ಅದು ಅಭ್ಯಾಸವಾಗಿತ್ತು, ಸೌಡುವಿಗೆ ಆಗಲಿಲ್ಲ. ಒಂದು ಮಾತಿನ ನಡುವೆ ಎರಡು ಸಲ ನಿಂತು ಉಸಿರೆಳೆದುಕೊಳ್ಳುತ್ತಿದ್ದಳು.

ಡಾಕ್ಟರ್ ಸೋಮಸುಂದರಂ ಸುತ್ತಿ ಬಳಸಿ ಮಾತಾಡುವವರಲ್ಲ. "ಒಂದೋ ಪಂಜು ಮನೆ ಬಿಡಬೇಕು, ಇಲ್ಲ ಹುಡುಗಿ ಮನೆ ಬಿಡಬೇಕು" ಅಂದರು. ಹತ್ತಿಗೆ ತಮಿಳಿನಲ್ಲಿ ಪಂಜು. ಜೂನಿನಲ್ಲಿ ಸ್ಕೂಲು ತೆರೆಯುವ ತನಕ ನೋಡೋಣ, ಎದೆಯ ಸದ್ದು ಹಾಗೇ ಇದ್ದರೆ ಬೆಟ್ಟದ ಮೇಲೆ ಎಲ್ಲಾದರೂ ಬಿಟ್ಟು ಓದಿಸಿ ಎಂದರು. ಬೆಟ್ಟದ ಮೇಲೆ, ವಾಲ್ಪಾರೈಯಲ್ಲಿ, ನನ್ನಕ್ಕ ಇದ್ದಳು. ಭಾವ ಟೀ ಎಸ್ಟೇಟಿನಲ್ಲಿ ಗುಮಾಸ್ತರು. ಅವರಿಗೆ ಮಕ್ಕಳಿಲ್ಲ. ಕಾಗದ ಹಾಕಿದ ನಾಲ್ಕನೇ ದಿನವೇ ಅಕ್ಕನ ಉತ್ತರ ಬಂತು: ಈಗಲೇ ಕಳಿಸು, ಹತ್ತನೇ ಕ್ಲಾಸು ಮುಗಿಯುವವರೆಗೆ ನಾನೇ ನೋಡಿಕೊಳ್ಳುತ್ತೇನೆ. ಒಳ್ಳೆಯ ಮನಸ್ಸಿನಿಂದಲೇ ಬರೆದಿದ್ದಳು. ಓದಿದಾಗ ನನಗೆ ಮಾತ್ರ ಯಾರೋ ಮಡಿಲಿಗೆ ಕೈ ಹಾಕಿದ ಹಾಗಾಯಿತು. ಹತ್ತನೇ ಕ್ಲಾಸೆಂದರೆ ಏಳು ವರ್ಷ.

ಅದಕ್ಕೇ ಏಸಿ. ಕೊಯಮತ್ತೂರಿನಲ್ಲಿ ಒಬ್ಬ ಹತ್ತಿ ದಲ್ಲಾಳಿ ತನ್ನ ಆಫೀಸು ಮುಚ್ಚುವಾಗ ಮಾರಿದ ಹಳೆಯ ಪೆಟ್ಟಿಗೆ ಅದು. ಅದನ್ನು ಕಿಟಕಿಗೆ ಕೂರಿಸಿಕೊಟ್ಟವನು ಮೆಕ್ಯಾನಿಕ್ ವೆಲ್ಲಿಂಗಿರಿ. ತೆಳ್ಳಗಿನ, ನಗುಮುಖದ ಮನುಷ್ಯ. ಪೆಟ್ಟಿಗೆಯ ಮುಚ್ಚಳ ತೆಗೆದು, ಚೌಕಟ್ಟಿನಲ್ಲಿದ್ದ ತಿಳಿಹಳದಿ ನಾರಿನ ಹಾಳೆಯನ್ನು ತೋರಿಸಿ, "ಇದುದಾನುಂಗಕ್ಕಾ ವಡಿಕಟ್ಟಿ" ಎಂದ. ನಾವು ಟೀ ಸೋಸುವುದಕ್ಕೂ ವಡಿಕಟ್ಟಿ ಅನ್ನುತ್ತೇವೆ. ಇದು ಗಾಳಿ ಸೋಸುವ ವಡಿಕಟ್ಟಿ. ಗಾಜಿನ ಎಳೆಯಿಂದ ಮಾಡಿದ್ದಂತೆ. ಹದಿನೈದು ದಿನಕ್ಕೊಮ್ಮೆ ತೆಗೆದು ಬಿಸಾಡಿ ಹೊಸದು ಹಾಕಬೇಕು, ತೊಳೆಯುವ ಹಾಗಿಲ್ಲ.

ಸೌಡುವಿನ ಮಂಚವನ್ನು ಆ ಕೋಣೆಗೆ ಹಾಕಿದೆವು. ಎರಡು ವಾರದಲ್ಲಿ ಗುಣ ಕಂಡಿತು. ವಡಿಕಟ್ಟಿ ತೆಗೆದು ನೋಡಿದರೆ ಬೂದು ಬಣ್ಣದ ಕಂಬಳಿಯೇ ಬೆಳೆದಿತ್ತು. ಇದೆಲ್ಲ ನನ್ನ ಮಗಳ ಎದೆಗೆ ಹೋಗುತ್ತಿತ್ತಲ್ಲ! ಕೈಯಿಂದ ಅದನ್ನು ಮುದುರಿ ಮನೆ ಹಿಂದಿನ ಕಸದ ಗುಡ್ಡೆಗೆ ಎಸೆದೆ. ಎರಡು ದಿನ ಅಂಗೈ ತುರಿಸಿತು, ಎಣ್ಣೆ ಹಚ್ಚಿದರೂ ಹೋಗಲಿಲ್ಲ.

ಆ ಗುಡ್ಡೆಗೆ ಭಾನುವಾರ ಬೀದಿಯವರು ಬೆಂಕಿ ಹಾಕುತ್ತಿದ್ದರು. ಎರಡನೇ ವಡಿಕಟ್ಟಿ ಎಸೆದ ಭಾನುವಾರ ನಾನು ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದೆ. ಕಪ್ಪು ಹೊಗೆ ಎದ್ದು ಕೆಟ್ಟ ನಾತ ಹೊಡೆಯಿತು. ಗಾಳಿ ತಿರುಗಿದಾಗ ಆ ಹೊಗೆ ನೇರವಾಗಿ ಪಕ್ಕದ ಅಯ್ಯಾಸಾಮಿಯ ಮನೆಯೊಳಕ್ಕೆ ಹೋಯಿತು. ಅಲ್ಲಿ ಸೀರೆಯ ತೊಟ್ಟಿಲಲ್ಲಿ ಮಲಗಿದ್ದ ಆರು ತಿಂಗಳ ಕೂಸು ಕೆಮ್ಮತೊಡಗಿತು. ಅದರ ತಾಯಿ ಓಡಿಬಂದು ಎತ್ತಿಕೊಂಡು, ಸೆರಗಿನಿಂದ ಮುಖ ಮುಚ್ಚಿ, ಯಾರಿಗೆಂದು ಗೊತ್ತಿಲ್ಲದೆ ಬೈದಳು. ಬೈಗುಳ ನನಗೇ ಸೇರಬೇಕಿತ್ತು. ನನ್ನ ಮಗಳ ಎದೆಯಿಂದ ತೆಗೆದದ್ದನ್ನು ಆ ಕೂಸಿನ ಎದೆಗೆ ತುಂಬುತ್ತಿದ್ದೆ. ನಾಚಿಕೆಯಿಂದ ನಾನು ಅವಳ ಮುಖ ನೋಡಲಿಲ್ಲ.

ಒಳಗೆ ಬಂದು ಗಂಡನಿಗೆ ಹೇಳಿದೆ. "ಎಸೆಯೋ ಅಂಥ ವಡಿಕಟ್ಟಿ ಇನ್ನು ನಮ್ಮನೆಗೆ ಬ್ಯಾಡ. ತೊಳೆದು ತೊಳೆದು ಹಾಕೋದು ಏನಾದ್ರೂ ನೋಡಿ."

"ಅದು ಕಂಪೆನಿಯೋರು ಮಾಡಿರೋದು ಮಾರಿ. ನಾವು ನಮ್ಮಿಷ್ಟಕ್ಕೆ ಮಾಡಕ್ಕಾಗುತ್ತಾ?" ಅಂದರು. ನನ್ನ ಹೆಸರು ಮಾರಿಯಮ್ಮ. ಭಯವಾದಾಗ ಮಾತ್ರ ಮಾರಿ ಅನ್ನುತ್ತಾರೆ.

"ಆಗುತ್ತೆ" ಅಂದೆ. ಹೇಗೆ ಎಂದು ನನಗೂ ಗೊತ್ತಿರಲಿಲ್ಲ.

ಮೊದಲು ವೆಲ್ಲಿಂಗಿರಿ ನೈಲಾನ್ ಬಲೆ ತಂದ. ತೊಳೆಯಬಹುದಿತ್ತು, ಆದರೆ ತೊಳೆಯಲು ಅದರಲ್ಲಿ ಏನಾದರೂ ಸಿಕ್ಕಿಕೊಳ್ಳಬೇಕಲ್ಲ, ಪಂಜು ಆ ಕಡೆಯಿಂದ ಈ ಕಡೆಗೆ ಆರಾಮಾಗಿ ಹೋಗಿಬರುತ್ತಿತ್ತು. ಆಮೇಲೆ ನನ್ನ ಗಂಡನಿಗೆ ಬುದ್ಧಿ ಓಡಿತು. ಕಿಣತ್ತುಕಡವಿನಿಂದ ತೆಂಗಿನ ನಾರಿನ ದಪ್ಪ ಹಾಳೆ ತಂದರು. ಅದನ್ನು ಹಾಕಿ ಸ್ವಿಚ್ ಒತ್ತಿದ ಕೂಡಲೆ ಕಂದು ಪುಡಿ ಅವರ ಬಿಳಿ ಅಂಗಿಯ ಮೇಲೆಲ್ಲ ಸುರಿಯಿತು. ನಾನು ನಗಬಾರದೆಂದುಕೊಂಡೆ, ಆದರೂ ನಕ್ಕೆ. ಮೂರನೆಯದು ನನ್ನದೇ ಯೋಚನೆ, ಲಾವಂಚದ ಬೇರಿನ ಚಾಪೆ. ಕೊಯಮತ್ತೂರಿನ ಟೌನ್ ಹಾಲ್ ಹತ್ತಿರ ನಾನೇ ಹೋಗಿ ತಂದೆ. ಕೋಣೆ ದೇವರಮನೆಯ ಹಾಗೆ ಘಮಘಮಿಸಿತು. ಆದರೆ ಒಣಗಿದ್ದರೆ ಅದು ದೂಳು ಹಿಡಿಯದು, ನೆನೆಸಿದರೆ ಕೋಣೆಯೆಲ್ಲ ತೇವ. ಸೌಡು ಎರಡೇ ದಿನಕ್ಕೆ ಮತ್ತೆ ಗೊರಗೊರ ಅನ್ನತೊಡಗಿದಳು. ಈ ಸಲ ನಗುವ ಸರದಿ ಗಂಡನದು, ಆದರೆ ಪಾಪ, ಅವರು ನಗಲಿಲ್ಲ.

ಇದನ್ನೆಲ್ಲ ಕೆಳಗಿನ ಹಿಂಕೋಣೆಯಿಂದ ನನ್ನ ಅತ್ತೆ ಕಾಮಾಕ್ಷಿಯಮ್ಮ ಗಮನಿಸುತ್ತಿದ್ದರು. ಅರವತ್ತೆಂಟು ವರ್ಷ, ಬಾಗದ ಬೆನ್ನು. ಮಾವ ತೀರಿಕೊಂಡ ಮೇಲೆ ಅವರ ಗುಂಡಿಮಗ್ಗದಲ್ಲಿ ತಾವೇ ಕೂತು ದಿನಕ್ಕೆ ಒಂದೆರಡು ಗಜ ನೇಯುತ್ತಿದ್ದರು. ಮಗನ ಯಂತ್ರಗಳು ಹೆಣೆಯುವ ಬನಿಯನ್ನನ್ನು ಅವರು ಬಟ್ಟೆಯೆಂದೇ ಒಪ್ಪಿರಲಿಲ್ಲ. "ಒಂದು ಎಳೆ ಎಳೆದ್ರೆ ಪೂರಾ ಬಿಚ್ಚಿಕೊಳ್ಳೋದು ಬಟ್ಟೆಯಾ?" ಎನ್ನುತ್ತಿದ್ದರು. ನಾನು ಲಾವಂಚದ ಚಾಪೆಯನ್ನು ಮೆಟ್ಟಿಲಿಗೆ ಎಸೆದಾಗ ಅವರು ಬಾಗಿಲಿಗೆ ಬಂದು ಕೇಳಿದರು.

"ಏನೇ, ಗಾಳಿ ಹೋಗಬೇಕು, ಪಂಜು ಹೋಗಬಾರದು. ಅಷ್ಟುತಾನೆ?"

"ಅಷ್ಟೇ ಅತ್ತೆ."

"ನೇಯೋರ ಮನೇಲಿ ಕೂತು ಗಾಜು, ನಾರು, ಬೇರು ಅಂತ ಊರೆಲ್ಲಾ ಸುತ್ತಿದ್ರಲ್ಲ. ನನ್ನ ಒಂದು ಮಾತು ಕೇಳಿದ್ರಾ?"

ಕೇಳಿರಲಿಲ್ಲ. ಅವರು ಬಣ್ಣ ಹಾಕದ ಕಚ್ಚಾ ನೂಲನ್ನು ತೆಗೆದುಕೊಂಡರು. ಮಗ್ಗದ ಹಣಿಗೆಯಲ್ಲಿ ಒಂದು ಸೀಳು ಬಿಟ್ಟು ಒಂದು ಸೀಳಿಗೆ ಎಳೆ ಕಟ್ಟಿ, ಹೊಡೆತ ಸಡಿಲ ಮಾಡಿ, ಗಾಯಕ್ಕೆ ಸುತ್ತುವ ಬಟ್ಟೆಗಿಂತ ಸ್ವಲ್ಪ ಒತ್ತಾಗಿ ನೇಯ್ದರು. ನಾಲ್ಕು ತುಂಡು ಮಾಡಿದರು. ನಾನು ಒಂದನ್ನು ಬಿಸಿನೀರಿನಲ್ಲಿ ಮೂರು ಸಲ ಒಗೆದೆ, ವೆಲ್ಲಿಂಗಿರಿ ಚೌಕಟ್ಟಿಗೆ ಕಟ್ಟಿದ. ವಾರಕ್ಕೊಮ್ಮೆ ತೆಗೆದು ಒಗೆಯುವುದು, ಒಣಗುವಾಗ ಇನ್ನೊಂದನ್ನು ಹಾಕುವುದು. ಪೂರ್ತಿ ಸವೆದ ಮೇಲೆ ಒಲೆಬಟ್ಟೆ, ಆಮೇಲೆ ಹಿತ್ತಲ ಬಾಳೆಯ ಬುಡಕ್ಕೆ. ಬೆಂಕಿಗೂ ಹೋಗುವುದಿಲ್ಲ, ನೊಯ್ಯಲ್ ಹೊಳೆಗೂ ಹೋಗುವುದಿಲ್ಲ. ನಾನು ಅಯ್ಯಾಸಾಮಿಯ ಮನೆಗೆ ಹೋಗಿ ಆ ಕೂಸನ್ನು ಸ್ವಲ್ಪ ಹೊತ್ತು ಎತ್ತಿಕೊಂಡಿದ್ದು ಬಂದೆ. ಏಕೆ ಬಂದಳೆಂದು ಅವರಿಗೆ ತಿಳಿಯಲಿಲ್ಲ, ನಾನೂ ಹೇಳಲಿಲ್ಲ.

ಏಪ್ರಿಲ್ ಕೊನೆಗೆ ಸೌಡು ಮೆಟ್ಟಿಲನ್ನು ನಿಲ್ಲದೆ ಹತ್ತಿದಳು. ಮೇ ಮೊದಲ ವಾರ ಡಾಕ್ಟರು ಎದೆಗೆ ಸ್ಟೆತಾಸ್ಕೋಪು ಹಿಡಿದು, ಪರವಾಗಿಲ್ಲ ಎಂದು ತಲೆಯಾಡಿಸಿದರು. ನಾನು ಅದೇ ದಿನ ಅಕ್ಕನಿಗೆ ಬರೆದೆ: ಬರಬೇಡ, ಮಗಳನ್ನು ಕಳಿಸುವುದಿಲ್ಲ. ಬರೆದು, ಅಂಚೆ ಡಬ್ಬಕ್ಕೆ ಹಾಕಿ, ದಾರಿಯಲ್ಲೇ ಒಂದು ಮೊಳ ಮಲ್ಲಿಗೆ ಕೊಂಡೆ.

ಅಂಥ ಹೊತ್ತಿನಲ್ಲೇ ಎಡವಟ್ಟಾಯಿತು. ಮೇ ಹದಿನೈದರ ಸುಮಾರಿಗೆ ಏಸಿ ಗೊಣಗತೊಡಗಿತು. ಗಾಳಿ ಕಡಿಮೆಯಾಯಿತು, ಪೆಟ್ಟಿಗೆಯಿಂದ ನೀರು ತೊಟ್ಟಿಕ್ಕಿತು, ಒಂದು ಬೆಳಿಗ್ಗೆ ನೋಡಿದರೆ ಒಳಗೆ ಮಂಜುಗಡ್ಡೆ ಕಟ್ಟಿತ್ತು. ಸೆಖೆಗೆ ಬಾಗಿಲು ತೆರೆದಿಟ್ಟರೆ ಪಂಜು ಒಳಗೆ, ಮುಚ್ಚಿದರೆ ಹುಳಿಹುಳಿ ವಾಸನೆ. ಸೌಡು ಮತ್ತೆ ಎರಡು ಮಾತಿಗೊಮ್ಮೆ ಉಸಿರೆಳೆದುಕೊಂಡಳು. "ಅಮ್ಮಾ... ನೀರು... ಕೊಡು" ಎಂದಳು.

ಗಂಡ ಯಂತ್ರ ಹಳೆಯದಾಯಿತು ಎಂದರು. ನಾನು ಅವರ ಮೇಲೆ ಹಾರಿದೆ. ವೆಲ್ಲಿಂಗಿರಿ ಗ್ಯಾಸ್ ನೋಡಿದ, ಮೋಟಾರು ನೋಡಿದ, ಎಲ್ಲ ಸರಿಯಿದೆ ಎಂದ. ಅವನ ಮೇಲೂ ಹಾರಿದೆ. ಡಾಕ್ಟರು ಎದೆಯನ್ನು ಕೇಳಿ ಸ್ಟೆತಾಸ್ಕೋಪು ಮಡಿಸಿಟ್ಟರು. ಆಮೇಲೆ, "ವಾಲ್ಪಾರೈ ಬಸ್ಸಿಗೆ ಸೀಟು ಹಿಡೀರಿ" ಎಂದರು. ಅಕ್ಕನಿಗೆ ಮತ್ತೆ ಬರೆದೆ: ಜೂನ್ ಏಳಕ್ಕೆ ಬಂದು ಕರೆದುಕೊಂಡು ಹೋಗು. ಆ ಕಾಗದ ಬರೆಯಲು ಮೂರು ದಿನ ಹಿಡಿಯಿತು. ಮಗಳ ಬಟ್ಟೆಗಳನ್ನು ಮಡಿಸಿ ತಗಡಿನ ಪೆಟ್ಟಿಗೆಗೆ ಇಡುವಾಗ, ಮುಂದಿನ ವರ್ಷ ಈ ಪಾವಡೆ ಎಷ್ಟು ಚಿಕ್ಕದಾಗುತ್ತದೆಂದು ಅಕ್ಕನೇ ಮೊದಲು ನೋಡುತ್ತಾಳೆ ಎನಿಸಿ ಅತ್ತುಬಿಟ್ಟೆ. ಸೌಡು ಮಾತ್ರ ತಾನೇ ಹೋಗಿ ತನ್ನ ಗೊಂಬೆಯನ್ನೂ ತಂದಿಟ್ಟಳು.

ಪೆಟ್ಟಿಗೆ ಕಟ್ಟಿದ ಮಾರನೇ ದಿನ, ಒಗೆಯುವ ದಿನವೆಂದು ವಡಿಕಟ್ಟಿ ತೆಗೆಯಲು ಹೋದೆ. ಮೊದಲ ತುಂಡು ಬಿಟ್ಟರೆ ಅಷ್ಟರವರೆಗೆ ಒಗೆಯುವ ಕೆಲಸವನ್ನು ಅತ್ತೆಯೇ ಹಿಡಿದುಕೊಂಡಿದ್ದರು, ಅವರು ನೇಯ್ದ ಬಟ್ಟೆ ತಾನೆ. ಅಂದು ಅವರು ಗುಡಿಗೆ ಹೋಗಿದ್ದರು. ಚೌಕಟ್ಟಿನಿಂದ ಬಿಚ್ಚಿದೆ. ಬಟ್ಟೆ ಬಾಗಲಿಲ್ಲ. ಹಪ್ಪಳದ ಹಾಗೆ ನಿಂತಿತ್ತು. ಮೂಗಿಗೆ ಹಿಡಿದೆ. ನಿನ್ನೆ ಅನ್ನ ಬಸಿದ ನೀರು ಹಳಸಿದ ನಾತ. ಅಂಚಿನಲ್ಲಿ ಬೂಷ್ಟು ಹಸಿರಾಗಿ ಹಿಡಿದಿತ್ತು. ಬೆಳಕಿಗೆ ಹಿಡಿದರೆ ಒಂದು ತೂತೂ ಕಾಣಲಿಲ್ಲ.

ಗಂಜಿ ಹಾಕಿದ್ದರು. ಗಾಳಿ ಸೋಸುವ ಬಟ್ಟೆಗೆ ಗಂಜಿ.

ಅತ್ತೆ ಗುಡಿಯಿಂದ ಬಂದು ಚಪ್ಪಲಿ ಬಿಡುವಷ್ಟೂ ಕಾಯಲಿಲ್ಲ ನಾನು. "ಯಾರು ಇದುಕ್ಕೆ ಗಂಜಿ ಹಾಕಿದ್ದು?"

"ನಾನುತಾನೆ" ಎಂದರು, ಅದರಲ್ಲೇನು ವಿಶೇಷ ಎನ್ನುವ ಹಾಗೆ. "ಆ ವೆಲ್ಲಿಂಗಿರಿ ಎರಡು ವಾರದ ಹಿಂದೆ ಬಂದಾಗ ಹೇಳ್ದ. ಬಟ್ಟೆ ತೊಳತೊಳ ಅಂತ ಜೋಲ್ತಾ ಇದೆ, ವೆರೆಪ್ಪಾ ನಿಲ್ಲಬೇಕು ಅಂತ. ವೆರೆಪ್ಪಾ ಬೇಕಂದ್ರೆ ಗಂಜಿ ಹಾಕದೆ ಇನ್ನೇನು ಮಾಡ್ತಾರೆ? ನಮ್ಮ ಮನೆ ಬಟ್ಟೇನ ಗಂಜಿ ಇಲ್ಲದೆ ಒಬ್ಬರ ಕಣ್ಣಿಗೆ ತೋರಿಸಿದ್ದುಂಟಾ?"

ವೆರೆಪ್ಪಾ ಎಂದರೆ ಬಿರುಸಾಗಿ. ವೆಲ್ಲಿಂಗಿರಿ ಚೌಕಟ್ಟಿಗೆ ಬಿಗಿಯಾಗಿ ಎಳೆದು ಕಟ್ಟಬೇಕೆಂದು ಹೇಳಿದ್ದ. ಐವತ್ತು ವರ್ಷ ದಿನಾ ಬೆಳಿಗ್ಗೆ ನೂಲಿಗೆ ಗಂಜಿ ಬಳಿದ ಕೈ ಆ ಮಾತನ್ನು ಹೀಗೆ ಕೇಳಿಸಿಕೊಂಡಿತ್ತು. ಈಗ ನೆನೆದರೆ ನಗು ಬರುತ್ತದೆ. ಅಂದು ಬರಲಿಲ್ಲ.

"ನಿಮ್ಮ ಗಂಜಿ ನನ್ನ ಕೂಸಿನ ಉಸಿರು ಕಟ್ಟಿಸ್ತು. ನಿಮ್ಮ ಗೌರವಕ್ಕೆ ನನ್ನ ಮಗಳು ಊರು ಬಿಡ್ತಾ ಇದಾಳೆ" ಎಂದೆ. ಬೀದಿಗೆಲ್ಲ ಕೇಳುವ ಹಾಗೆ ಎಂದೆ. ಹೆಣೆಯುವ ಯಂತ್ರದ ಮುಂದೆ ಕೂತವರೂ ತಿರುಗಿ ನೋಡಿದರು.

ಕಾಮಾಕ್ಷಿಯಮ್ಮ ಆ ಬಟ್ಟೆಯನ್ನು ನನ್ನ ಕೈಯಿಂದ ತೆಗೆದುಕೊಂಡು ಬೆಳಕಿಗೆ ಹಿಡಿದರು. ಬೂಷ್ಟಿನ ಮೇಲೆ ಹೆಬ್ಬೆರಳು ಓಡಿಸಿದರು. ಮುಖ ಸಣ್ಣದಾಯಿತು.

"ಇದು ಹೋದ್ರೆ ಕೂಸು ಇಲ್ಲೇ ಇರ್ತಾಳಾ?" ಎಂದು ಮಾತ್ರ ಕೇಳಿದರು.

"ನನಗೇನು ಗೊತ್ತು" ಎಂದು ಮೇಲೆ ಬಂದೆ. ಬಂದು ಕೂತ ಮೇಲೆ ಮೈಯೆಲ್ಲ ಸುಟ್ಟ ಹಾಗಾಯಿತು. ಮೊಮ್ಮಗಳಿಗೆ ಕೆಟ್ಟದಾಗಲಿ ಎಂದು ಯಾವ ಅಜ್ಜಿ ಗಂಜಿ ಕಾಯಿಸುತ್ತಾಳೆ? ಆದರೆ ಕೆಳಗಿಳಿದು ಹೋಗಿ ಆ ಮಾತು ಹೇಳುವಷ್ಟು ದೊಡ್ಡತನ ನನಗೆ ಅಂದು ಬರಲಿಲ್ಲ.

ಅವರು ಆಮೇಲೆ ಮಾಡಿದ್ದು ನೇಕಾರರಿಗೆ ಮಾತ್ರ ಗೊತ್ತಿರುವ ಕೆಲಸ. ನಾಲ್ಕೂ ತುಂಡುಗಳನ್ನು ಉಗುರುಬೆಚ್ಚಗಿನ ನೀರಿನಲ್ಲಿ ಒಂದು ಹಗಲು ಒಂದು ರಾತ್ರಿ ನೆನೆಹಾಕಿದರು, ಗಂಜಿ ತಾನೇ ಹುಳಿತು ಬಿಡುವ ತನಕ. ಆಮೇಲೆ ಸೋಪುಕಾಯಿಯ ನೀರಿನಲ್ಲಿ ಕುದಿಸಿ, ಬಡಿದು, ಜಾಲಿಸಿದರು. ಪ್ರತಿ ಸಲ ಹಿಂಡಿದ ಮೇಲೆ ಬಟ್ಟೆಯ ತುದಿಯನ್ನು ನಾಲಗೆಗೆ ಮುಟ್ಟಿಸಿ ನೋಡುತ್ತಿದ್ದರು. ಗಂಜಿ ಉಳಿದಿದ್ದರೆ ನಾಲಗೆಗೆ ಜಾರುತ್ತದಂತೆ. ಮತ್ತೆ ನೀರು, ಮತ್ತೆ ನಾಲಗೆ. ನಮ್ಮ ಬೀದಿಗೆ ಮೂರು ದಿನಕ್ಕೊಮ್ಮೆ ನೀರು. ತಮ್ಮ ಸ್ನಾನದ ನೀರನ್ನೆಲ್ಲ ಅದಕ್ಕೇ ಸುರಿದು ಎರಡು ದಿನ ಬರೀ ಮುಖ ತೊಳೆದುಕೊಂಡು ಇದ್ದರೆಂದು ಆಮೇಲೆ ತಿಳಿಯಿತು. ದಿನಾ ತಲೆಗೆ ನೀರು ಹಾಕಿಕೊಳ್ಳದೆ ಊಟ ಮುಟ್ಟದ ಹೆಂಗಸು.

ಏಳನೆಯ ನೀರಿಗೆ ಅವರು ಬಟ್ಟೆಯನ್ನು ನನ್ನ ಮುಂದೆ ಹಿಡಿದು, "ನೀನೂ ನೋಡು" ಎಂದರು. ನಾನು ನಾಲಗೆಗೆ ಮುಟ್ಟಿಸಿದೆ. ಬರೀ ನೂಲು.

"ಇಲ್ಲೆ ಅತ್ತೆ. ಪೂರಾ ಹೋಗಿದೆ" ಎಂದೆ. ಅಷ್ಟು ಹೊತ್ತಿಗೆ ನನ್ನ ದನಿ ಸರಿಯಾಗಿತ್ತು. "ಅವತ್ತು ನಾನು ಬಾಯಿಗೆ ಬಂದ ಹಾಗೆ ಅಂದುಬಿಟ್ಟೆ."

"ನಿನ್ನ ಬಾಯಿ ನನಗೆ ಹೊಸದಾ?" ಎಂದು ಅವರು ಬಟ್ಟೆ ಕೊಡವಿದರು.

ಬಿಗಿತದ ಸಮಸ್ಯೆ ಹಾಗೇ ಉಳಿದಿತ್ತು. ಅದನ್ನೂ ಅವರೇ ಬಿಡಿಸಿದರು. ನೇಯುವಾಗ ಬಟ್ಟೆಯ ಅಗಲ ಕುಗ್ಗದಂತೆ ಎರಡೂ ಅಂಚಿಗೆ ಚುಚ್ಚಿ ನಿಲ್ಲಿಸುವ ಬಿದಿರಿನ ಕಡ್ಡಿಯಿರುತ್ತದೆ. ಅಂಥ ಎರಡು ಕಡ್ಡಿಗಳನ್ನು ಅಡ್ಡಡ್ಡ ಇಟ್ಟು ಚೌಕಟ್ಟಿಗೆ ಎಳೆದು ಕಟ್ಟಿದರು. ಬೆರಳಿನಿಂದ ತಟ್ಟಿದರೆ ತಮಟೆಯ ಹಾಗೆ ಟಣ್ ಎನ್ನುತ್ತಿತ್ತು. ವೆಲ್ಲಿಂಗಿರಿ ಅದನ್ನು ಹಿಂದೆ ಮುಂದೆ ತಿರುಗಿಸಿ ನೋಡಿ, "ಇಪ್ಪಡಿ ಒಣ್ಣು ನಾನೇ ಪಾತ್ತದಿಲ್ಲೀಂಗಮ್ಮಾ" ಎಂದ. ಇಂಥದ್ದನ್ನು ಅವನೇ ನೋಡಿರಲಿಲ್ಲವಂತೆ. ಅತ್ತೆ ಅವನಿಗೆ, ಇನ್ನು ಮೇಲೆ ನಮ್ಮ ಮನೆಯಲ್ಲಿ ವೆರೆಪ್ಪು ಎಂಬ ಮಾತು ಆಡಬೇಡ ಎಂದರು.

ಜೂನ್ ಏಳಕ್ಕೆ ಹನ್ನೊಂದು ದಿನವಿತ್ತು. ಒಂದೊಂದು ದಿನವೂ ಸೌಡುವಿನ ಬೆನ್ನಿಗೆ ಕಿವಿಯಿಟ್ಟೆ. ಮೂರನೇ ದಿನ ಸದ್ದು ತೆಳುವಾಯಿತು. ಆರನೇ ದಿನ ಬೆಳಿಗ್ಗೆ ಏನೂ ಕೇಳಲಿಲ್ಲ, ನನ್ನ ಕಿವಿಯೇ ಕಿವುಡಾಯಿತೋ ಎಂದು ಗಂಡನನ್ನು ಕರೆದು ಅವರ ಕಿವಿಯನ್ನೂ ಇಡಿಸಿದೆ. ಯಾರಿಗೂ ಏನೂ ಹೇಳಲಿಲ್ಲ. ಹೇಳಿದರೆ ಬಂದ ಗುಣ ಓಡಿಹೋದೀತೆಂಬ ಹೆದರಿಕೆ.

ಜೂನ್ ಆರನೇ ತಾರೀಕು ಅಕ್ಕ ಒಂದು ದಿನ ಮುಂಚೆಯೇ ಬಂದಿಳಿದಳು. ಕೈಯಲ್ಲಿ ಟೀ ಪುಡಿಯ ಪೊಟ್ಟಣ, ಸೌಡುವಿಗೆಂದು ತಾನೇ ಹೆಣೆದ ಕೆಂಪು ಸ್ವೆಟರು. ಅವಳನ್ನೂ ಕರೆದುಕೊಂಡೇ ಡಾಕ್ಟರ ಹತ್ತಿರ ಹೋದೆವು. ಸೋಮಸುಂದರಂ ಎದೆಗೆ, ಬೆನ್ನಿಗೆ, ಮತ್ತೆ ಎದೆಗೆ ಸ್ಟೆತಾಸ್ಕೋಪು ಇಟ್ಟರು. ಕೊನೆಗೆ, "ಯಾರಿಗೆ ಬಸ್ಸು? ಹುಡುಗಿ ಮನೇಲೇ ಇರಲಿ, ಇಲ್ಲೇ ಸ್ಕೂಲಿಗೆ ಹೋಗಲಿ" ಎಂದರು. ನನ್ನ ಗಂಡ ಡಾಕ್ಟರ ಕೈ ಹಿಡಿದುಕೊಂಡು ಬಿಡಲೇ ಇಲ್ಲ. ಅಕ್ಕ ಸ್ವೆಟರನ್ನು ಮಡಿಸಿ ಮಡಿಸಿ ಚಿಕ್ಕದು ಮಾಡುತ್ತಿದ್ದಳು. ಆಮೇಲೆ ನನ್ನ ಭುಜದ ಮೇಲೆ ಕೈಯಿಟ್ಟು, "ಒಳ್ಳೇದಾಯ್ತು ಬಿಡು" ಎಂದಳು. ಆ ಮಾತು ಹೇಳಲು ಅವಳಿಗೆ ಎಷ್ಟು ಕಷ್ಟವಾಯಿತೆಂದು ನನಗೆ ಗೊತ್ತು.

ಮನೆಗೆ ಬಂದು ಅತ್ತೆಗೆ ಹೇಳಿದೆ. ಅವರು ಮಗ್ಗದ ಗುಂಡಿಯಲ್ಲಿ ಕೂತಿದ್ದರು, ಕೈ ನಿಲ್ಲಿಸಿದರು. "ಸೌಡಮ್ಮ ತಾಯಿ" ಎಂದಷ್ಟೇ ಹೇಳಿ ಕಣ್ಣೊರೆಸಿಕೊಂಡರು. ನಾನು ಮೇಲೆ ಹೋಗಿ ತಗಡಿನ ಪೆಟ್ಟಿಗೆ ತೆರೆದು ಬಟ್ಟೆಗಳನ್ನು ಹೊರಗೆ ತೆಗೆಯಲು ಶುರುಮಾಡಿದೆ. ಆಗ ಸೌಡು ಬಾಗಿಲಲ್ಲಿ ಬಂದು ನಿಂತಳು. ಮುಖ ಕೆಂಪಗಾಗಿತ್ತು. ಎರಡೂ ಕೈ ಸೊಂಟದ ಮೇಲೆ.

"ಯಾಕಮ್ಮಾ ತೆಗೀತಾ ಇದೀಯ ನಾನು ಹೋಗಬೇಕು ಬೀದೀಲಿ ಎಲ್ಲರಿಗೂ ಹೇಳಿಬಿಟ್ಟಿದೀನಿ ವಾಲ್ಪಾರೈಗೆ ಹೋಗ್ತೀನಿ ಅಂತ ಅಲ್ಲಿ ಆನೆ ಬರುತ್ತಂತೆ ಬಸ್ಸು ನಲವತ್ತು ತಿರುವು ತಿರುಗುತ್ತಂತೆ ದೊಡ್ಡಮ್ಮ ನನಗೆ ಸ್ವೆಟರ್ ಮಾಡಿದಾಳೆ ನಾನು ಇಲ್ಲಿದ್ರೆ ಅದನ್ನ ಹೇಗೆ ಹಾಕ್ಕೊಳ್ಳೋದು ನೀನು ಯಾವಾಗ್ಲೂ ಹಿಂಗೇ ನನ್ನ ಒಂದು ಮಾತೂ ಕೇಳೋದಿಲ್ಲೆ!"

ನಾನು ಪಾವಡೆಯನ್ನು ಕೈಯಲ್ಲಿ ಹಿಡಿದು ಹಾಗೇ ಕೂತಿದ್ದೆ. ಮೊದಲಿನಿಂದ ಕೊನೆಯವರೆಗೆ ಒಂದೇ ಉಸಿರು. ಎಲ್ಲೂ ನಿಂತಿರಲಿಲ್ಲ.

"ಇನ್ನೊಂದು ಸಲ ಹೇಳು ಕಣ್ಣು" ಎಂದೆ.

ಅವಳಿಗೆ ಇನ್ನೂ ಸಿಟ್ಟು ಬಂತು. ಕಾಲು ನೆಲಕ್ಕೆ ಕುಟ್ಟಿ, ಮೊದಲಿಗಿಂತ ಜೋರಾಗಿ, ಮೊದಲಿಗಿಂತ ಉದ್ದವಾಗಿ ಪೂರ್ತಿ ಹೇಳಿದಳು.